ನೆಟ್ ಓಡುತ್ತಿತ್ತು, ಕರೆ ಮಾತ್ರ ಬರುತ್ತಿರಲಿಲ್ಲ

2023ರ ಆಗಸ್ಟಿನಲ್ಲಿ ನನ್ನ ತಮ್ಮ ಎಂ.ಎಸ್. ಓದಲು ಶಿವಮೊಗ್ಗದಿಂದ ಟೆಕ್ಸಸ್‌ಗೆ ಬಂದ. ದಾರಿಯುದ್ದಕ್ಕೂ ಕಣ್ಣ ಮುಂದೆಯೇ ಇಟ್ಟುಕೊಂಡು ಬಂದಿದ್ದು ಮಾರ್ಕ್ಸ್‌ಕಾರ್ಡುಗಳ ಫೈಲು ಮತ್ತು ಅವನ ಆಸುಸ್ ಆರ್‌ಓಜಿ ಫೋನ್ 5. 2021ರಲ್ಲಿ ಅದು ಭಾರತಕ್ಕೆ ಬಂದಾಗ ಶುರುವಿನ ಬೆಲೆಯೇ 49,999 ರೂಪಾಯಿ. ಅರ್ಧ ದುಡ್ಡು ಅಪ್ಪಯ್ಯನದು. ಉಳಿದರ್ಧ ಪಕ್ಕದ ಬೀದಿಯ ಮಕ್ಕಳಿಗೆ ಗಣಿತ ಹೇಳಿಕೊಟ್ಟು ಅವನೇ ಕೂಡಿಟ್ಟಿದ್ದು.

ಆಟದ ಫೋನು ಅಂತ ಮೂಗು ಮುರಿಯುವವರು ಅದನ್ನೊಮ್ಮೆ ಕೈಯಲ್ಲಿ ಹಿಡಿದು ನೋಡಬೇಕು. 238 ಗ್ರಾಂ ತೂಕ, ಸೆಕೆಂಡಿಗೆ 144 ಸಲ ಹೊಸದಾಗುವ ಪರದೆ, ಸ್ನ್ಯಾಪ್‌ಡ್ರಾಗನ್ 888 ಚಿಪ್. 6,000 ಎಂಎಎಚ್ ಬ್ಯಾಟರಿಯನ್ನು ಒಂದೇ ಗಟ್ಟಿಯಾಗಿ ಇಡದೆ ಎರಡು ಭಾಗ ಮಾಡಿ ಕೂರಿಸಿದ್ದಾರೆ. ಅಡ್ಡ ಹಿಡಿದು ಆಡುವಾಗ ಚಾರ್ಜರ್ ವೈರು ಅಂಗೈಗೆ ತಾಕಬಾರದೆಂದು ಪಕ್ಕದಲ್ಲೂ ಒಂದು ಚಾರ್ಜಿಂಗ್ ಪೋರ್ಟ್ ಕೊಟ್ಟಿದ್ದಾರೆ. ಅಂಚಿನಲ್ಲಿ ಬೆರಳು ಒತ್ತಿದರೆ ಗುಂಡಿಯಂತೆ ಕೆಲಸ ಮಾಡುವ ಜಾಗಗಳಿವೆ, ಎರಡು ಸಿಮ್ಮಿಗೆ ಜಾಗವಿದೆ. ನಾನು ರಿಚರ್ಡ್‌ಸನ್ನಿನಲ್ಲಿ ನೆಟ್‌ವರ್ಕ್ ಉಪಕರಣಗಳ ಟೆಸ್ಟಿಂಗ್ ಕೆಲಸದಲ್ಲಿದ್ದೇನೆ. ಡಲ್ಲಾಸ್‌ಗೆ ಅಂಟಿಕೊಂಡ ಈ ಊರಿನ ಹೆದ್ದಾರಿಯ ಪಕ್ಕದ ಪಟ್ಟಿಗೆ ಟೆಲಿಕಾಂ ಕಾರಿಡಾರ್ ಅಂತಲೇ ಹೆಸರು. ದಿನವಿಡೀ ಫೋನುಗಳ ನಡುವೆಯೇ ಇರುವ ನನಗೂ ಇಷ್ಟು ಯೋಚನೆ ಮಾಡಿ ಕಟ್ಟಿದ ಫೋನು ಕಂಡಾಗ ಖುಷಿಯಾಗುತ್ತದೆ.

ಸಿಮ್ಮನ್ನು ಅವನೇ ತಂದುಕೊಂಡ. ನಾನು ಆಫೀಸಿನಲ್ಲಿದ್ದಾಗ ಕಾಲೇಜಿನ ಸೀನಿಯರ್ ಒಬ್ಬನ ಜೊತೆ ಸೂಪರ್‌ಮಾರ್ಕೆಟ್ಟಿಗೆ ಹೋಗಿ, ಗೋಡೆಗೆ ನೇತುಹಾಕಿದ್ದ ಪ್ರೀಪೇಯ್ಡ್ ಸಿಮ್ ಪ್ಯಾಕೆಟ್ಟುಗಳಲ್ಲಿ ಅಗ್ಗದ್ದನ್ನು ಆರಿಸಿದ್ದ. ಹೊಸದಾಗಿ ಬಂದ ವಿದ್ಯಾರ್ಥಿಗಳಿಗೆ ಪ್ರೀಪೇಯ್ಡೇ ಸರಿ. ಪೋಸ್ಟ್‌ಪೇಯ್ಡ್ ಬೇಕೆಂದರೆ ಇಲ್ಲಿ ಸಾಲದ ಇತಿಹಾಸ ನೋಡುತ್ತಾರೆ, ನಿನ್ನೆ ವಿಮಾನ ಇಳಿದವನಿಗೆ ಅದು ಎಲ್ಲಿಂದ ಬರಬೇಕು? ಕಂಪನಿಯ ವೆಬ್‌ಸೈಟಿನಲ್ಲಿ ಐಎಂಇಐ ನಂಬರು (ಪ್ರತಿ ಫೋನಿಗೂ ಇರುವ 15 ಅಂಕಿಗಳ ಗುರುತು) ಹಾಕಿದಾಗ ಫೋನು ಗುರುತು ಸಿಗುತ್ತಿಲ್ಲ ಅಂತ ಬಂತಂತೆ. ಸೀನಿಯರ್ ಸಿಮ್ಮನ್ನು ತನ್ನ ಹಳೇ ಫೋನಿಗೆ ಹಾಕಿ ಚಾಲೂ ಮಾಡಿ, ಆಮೇಲೆ ಇದಕ್ಕೆ ಬದಲಾಯಿಸಿ ಕೊಟ್ಟ. ಇಲ್ಲಿನ ಹುಡುಗರಲ್ಲಿ ಇದು ಬಾಯಿಂದ ಬಾಯಿಗೆ ಬಂದ ಉಪಾಯ. ಫುಲ್ ಟವರ್ ತೋರಿಸಿತು, ನೆಟ್ ಜೋರಾಗಿ ಓಡಿತು, ಬ್ಯಾಂಕಿನ ಒಟಿಪಿಯೂ ಬಂತು. ಮನೆಯವರೆಲ್ಲ ವಾಟ್ಸಾಪಿನಲ್ಲೇ ಮಾತಾಡುವುದರಿಂದ ಮಾಮೂಲಿ ಕರೆಯನ್ನು ಯಾರೂ ಮಾಡಿ ನೋಡಿರಲಿಲ್ಲ.

ಆ ಶನಿವಾರ ಅವನನ್ನೂ ಅವನ ರೂಮ್‌ಮೇಟ್ ಆಗಲಿದ್ದ ಹುಡುಗನನ್ನೂ ಬೆಳಿಗ್ಗೆ ಆರ್ಲಿಂಗ್ಟನ್‌ನಲ್ಲಿ ಬಿಟ್ಟೆ. ಕಾಲೇಜು ಇರುವುದು ಅಲ್ಲಿ. ಮನೆಗಳನ್ನು ನೋಡುವುದಿತ್ತು. ಆರ್ಲಿಂಗ್ಟನ್ ಸುಮಾರು ನಾಲ್ಕು ಲಕ್ಷ ಜನರ ಊರು, ಆದರೆ ಗೊತ್ತಾದ ದಾರಿಯಲ್ಲಿ ಓಡಾಡುವ ಸಿಟಿ ಬಸ್ಸೇ ಇಲ್ಲ. 2017ರ ಕೊನೆಯಿಂದ ನಗರಸಭೆ ವ್ಯಾನ್ ವ್ಯವಸ್ಥೆ ಮಾಡಿದೆ. ಆ್ಯಪಿನಲ್ಲಿ ಕರೆದರೆ ಹತ್ತಿರದ ಮೂಲೆಗೆ ವ್ಯಾನ್ ಬರುತ್ತದೆ, ಕೆಲವು ನಿಮಿಷ ಕಾಯುತ್ತದೆ, ಕಾಣದಿದ್ದರೆ ಡ್ರೈವರ್ ಫೋನ್ ಮಾಡುತ್ತಾರೆ. ಬಂದ ಹೊಸದರಲ್ಲಿ ಅಪಾರ್ಟ್‌ಮೆಂಟುಗಳ ಯಾವ ಗೇಟು ಯಾವ ರಸ್ತೆಗೆ ಅಂತ ಯಾರಿಗೂ ತಿಳಿಯುವುದಿಲ್ಲ. ವ್ಯಾನ್ ಬಂದು ಇನ್ನೊಂದು ಗೇಟಿನಲ್ಲಿ ನಿಂತು, ಡ್ರೈವರ್ ಕರೆ ಮಾಡಿ, ಉತ್ತರ ಸಿಗದೆ ಹೊರಟುಹೋಯಿತು. ಮತ್ತೆ ಬುಕ್ ಮಾಡಿದರು, ಮತ್ತೆ ಅದೇ ಆಯಿತು. ಇತ್ತ ಅಪಾರ್ಟ್‌ಮೆಂಟಿನ ಆಫೀಸಿನವರೂ ಬೇಗ ಬನ್ನಿ, ಬಾಗಿಲು ಹಾಕುತ್ತೇವೆ ಅಂತ ಹೇಳಲು ಪ್ರಯತ್ನಿಸುತ್ತಿದ್ದರಂತೆ. ಇವನ ಫೋನು ಒಮ್ಮೆಯೂ ರಿಂಗಾಗಲಿಲ್ಲ.

ಆ ಬೇಸಿಗೆ ಡಲ್ಲಾಸ್ ಸುತ್ತಮುತ್ತ 40 ಡಿಗ್ರಿ ದಾಟುವುದು ಮಾಮೂಲಾಗಿಬಿಟ್ಟಿತ್ತು. ಮಲೆನಾಡಿನ ಮಳೆಗಾಲ ಬಿಟ್ಟು ಬಂದ ಹುಡುಗರು ನೆರಳಿಲ್ಲದ ಫುಟ್‌ಪಾತಿನಲ್ಲಿ ನಿಂತಿದ್ದರು. ನಾನು ಮಾಡಿದ ಕರೆಗಳೆಲ್ಲ ರಿಂಗೇ ಆಗದೆ ನೇರ ವಾಯ್ಸ್‌ಮೇಲಿಗೆ ಹೋಗುತ್ತಿದ್ದವು, ವಾಟ್ಸಾಪಿನಲ್ಲಿ ಮಾತ್ರ ನೀಲಿ ಟಿಕ್ಕು. ಕೊನೆಗೆ ಅವನ ಮೆಸೇಜು ಬಂತು. "ಅಕ್ಕಾ, ಇವ್ನಿಗೆ ತಲೆ ಸುತ್ತು ಬರ್ತಿದೆ. ಇಲ್ಲೊಂದು ಅಂಗಡಿ ಒಳಗೆ ಕೂರ್ಸಿದೀನಿ, ನೀನು ಬಾ."

ಕಾರು ತೆಗೆದೆ. ಅಂಗಡಿಯವರು ತಣ್ಣೀರು ಕೊಟ್ಟು, ಒದ್ದೆ ಟಿಶ್ಯೂ ಹಣೆಗಿಟ್ಟು ಕೂರಿಸಿದ್ದರು. ನಾನು ತಲುಪುವ ಹೊತ್ತಿಗೆ ಹುಡುಗ ಸುಧಾರಿಸಿಕೊಂಡಿದ್ದ. ಕಾರಿನ ಏಸಿಯಲ್ಲಿ ಇಬ್ಬರನ್ನೂ ಕೂರಿಸಿ ತಮ್ಮನಿಗೆ ನನ್ನ ನಂಬರಿಗೆ ಕರೆ ಮಾಡು ಅಂದೆ. ಡಯಲ್ ಒತ್ತಿದ ಕೂಡಲೇ ಕಟ್ ಆಯಿತು.

"ಫುಲ್ ಟವರ್ ಇದೆಯಲ್ಲ ಮಾರಾಯ್ತಿ!" ಅಂದ.

ಡಯಲರಿನಲ್ಲಿ *#*#4636#*#* ಒತ್ತಿ ಒಳಗಿನ ಮಾಹಿತಿ ಪುಟ ತೆಗೆಸಿದೆ. ಕರೆಗಳನ್ನು ನಡೆಸುವ ಐಎಂಎಸ್ ವ್ಯವಸ್ಥೆಯಲ್ಲಿ ನೋಂದಣಿ ಆಗಿಲ್ಲ, ವೋಲ್ಟಿ (4ಜಿ ಮೂಲಕವೇ ಮಾತಾಡುವ ಸೌಲಭ್ಯ) ಲಭ್ಯವಿಲ್ಲ ಅಂತ ತೋರಿಸುತ್ತಿತ್ತು. ಏನಾಗಿದೆ ಎಂದು ಅಲ್ಲೇ ಗೊತ್ತಾಯಿತು. ಮನೆಗೆ ಬರುವ ದಾರಿಯುದ್ದಕ್ಕೂ ಅದನ್ನೇ ಅವರಿಗೆ ಹೇಳಿದೆ.

2ಜಿ, 3ಜಿಯಲ್ಲಿ ಕರೆಗೆಂದೇ ಬೇರೆ ದಾರಿ ಇತ್ತು. 4ಜಿಯಲ್ಲಿ ಹಾಗಿಲ್ಲ, ಮಾತೂ ಡೇಟಾ ಪ್ಯಾಕೆಟ್ಟಾಗಿಯೇ ಹೋಗಬೇಕು. ಅದಕ್ಕೆ ಫೋನು ಕಂಪನಿಯ ಐಎಂಎಸ್ ವ್ಯವಸ್ಥೆಯಲ್ಲಿ ಹೆಸರು ನೋಂದಾಯಿಸಿಕೊಳ್ಳಬೇಕು. ನೋಂದಣಿ ಆಗದ ಫೋನು ಮೊದಲು ಏನು ಮಾಡುತ್ತಿತ್ತೆಂದರೆ, ಕರೆ ಬಂದಾಗ 3ಜಿಗೆ ಇಳಿದು, ಮಾತು ಮುಗಿದ ಮೇಲೆ 4ಜಿಗೆ ಏರುತ್ತಿತ್ತು. ಬಳಸುವವರಿಗೆ ಇದು ತಿಳಿಯುತ್ತಲೇ ಇರಲಿಲ್ಲ. ಅಮೆರಿಕದ ಮೂರೂ ದೊಡ್ಡ ಕಂಪನಿಗಳು 2022ರಲ್ಲಿ ಒಂದಾದ ಮೇಲೊಂದು 3ಜಿ ಮುಚ್ಚಿದವು. ಫೆಬ್ರವರಿಯಲ್ಲಿ ಎಟಿ ಅಂಡ್ ಟಿ, ಜುಲೈಯಲ್ಲಿ ಟಿ-ಮೊಬೈಲ್, ವರ್ಷದ ಕೊನೆಗೆ ವೆರೈಝನ್. ನಮ್ಮವನು ಕೊಂಡ ಸಿಮ್ಮಿನಲ್ಲಿ ಇಳಿಯಲು ಕೆಳಗೆ ಮೆಟ್ಟಿಲೇ ಉಳಿದಿರಲಿಲ್ಲ. ಎಸ್ಸೆಮ್ಮೆಸ್ಸಿಗೆ ಐಎಂಎಸ್ ಇಲ್ಲದೆಯೂ 4ಜಿಯೊಳಗೇ ಬೇರೆ ದಾರಿ ಇದೆ, ಅದಕ್ಕೇ ಒಟಿಪಿ ಬರುತ್ತಿತ್ತು. ಎಲ್ಲ ಸರಿ ಇದೆ ಅಂತ ಅವನು ನಂಬಿದ್ದೂ ಅದರಿಂದಲೇ.

ಹಾಗಂತ ಈ ಫೋನಿಗೆ ವೋಲ್ಟಿ ಬರುವುದಿಲ್ಲವೇ? ಶಿವಮೊಗ್ಗದಲ್ಲಿ ಜಿಯೋ ಸಿಮ್ ಹಾಕಿಕೊಂಡು ಅದರಲ್ಲೇ ಗಂಟೆಗಟ್ಟಲೆ ಮಾತಾಡಿದ್ದಾನೆ, ಜಿಯೋದಲ್ಲಿ ವೋಲ್ಟಿ ಬಿಟ್ಟು ಬೇರೆ ಕರೆಯೇ ಇಲ್ಲ. ಇಲ್ಲಿನ ತೊಡಕು ಐಎಂಇಐದು. ಆ 15 ಅಂಕಿಗಳಲ್ಲಿ ಮೊದಲ ಎಂಟು ಫೋನಿನ ಮಾದರಿ ಯಾವುದೆಂದು ಹೇಳುತ್ತವೆ. ಕೆಲವು ಕಂಪನಿಗಳು ತಾವು ಒಪ್ಪಿದ ಮಾದರಿಗಳ ಪಟ್ಟಿ ಇಟ್ಟುಕೊಂಡು, ಅದರಲ್ಲಿ ಇಲ್ಲದ ಫೋನಿಗೆ ವೋಲ್ಟಿಯನ್ನೇ ತೆರೆಯುವುದಿಲ್ಲ. ಫೋನಿಗೆ ಲಾಕ್ ಇಲ್ಲದಿರುವುದು, ಪೂರ್ತಿ ದುಡ್ಡು ಕೊಟ್ಟು ಕೊಂಡಿರುವುದು ಅಲ್ಲಿ ಲೆಕ್ಕಕ್ಕೇ ಬರುವುದಿಲ್ಲ.

ಪಟ್ಟಿ ಯಾಕೆ ಇದೆ ಅನ್ನುವುದು ನನಗೆ ಅರ್ಥವಾಗುತ್ತದೆ, ಅದರ ಹತ್ತಿರದ ಕೆಲಸವೇ ನನ್ನದು. ಒಂದೊಂದು ಕಂಪನಿಯ ವೋಲ್ಟಿಗೆ ಮೋಡೆಮ್ಮಿನೊಳಗೆ ಬೇರೆ ಬೇರೆ ಸೆಟ್ಟಿಂಗ್ ಫೈಲುಗಳಿರುತ್ತವೆ. ಎಲ್ಲೋ ಒಂದು ಸಾಲು ಹೊಂದಾಣಿಕೆಯಾಗದಿದ್ದರೆ ಮಾತು ಒಂದೇ ಕಡೆಗೆ ಕೇಳಿಸುತ್ತದೆ, ಇಲ್ಲವೇ ತುರ್ತು ಕರೆ ಅರ್ಧದಲ್ಲಿ ನಿಲ್ಲುತ್ತದೆ. ಪರೀಕ್ಷಿಸದ ಫೋನನ್ನು ಒಪ್ಪಿಕೊಂಡು ಇಲ್ಲಿನ ತುರ್ತು ನಂಬರು 911ಕ್ಕೆ ಯಾರೋ ಮಾಡಿದ ಕರೆ ಕೈಕೊಟ್ಟರೆ ಅದು ಸಣ್ಣ ವಿಷಯವಲ್ಲ. ಪರೀಕ್ಷೆಗೆ ಖರ್ಚೂ ಇದೆ. ಅಮೆರಿಕದಲ್ಲಿ ಸ್ವಲ್ಪವೇ ಮಾರಾಟವಾಗುವ ಗೇಮಿಂಗ್ ಫೋನಿಗೆ ಆ ಖರ್ಚನ್ನು ಯಾರು ಹೊರಬೇಕೆಂಬ ಪ್ರಶ್ನೆ ಉಳಿದೇ ಇರುತ್ತದೆ. ಇಷ್ಟನ್ನೆಲ್ಲ ಒಪ್ಪುತ್ತೇನೆ. ಆದರೆ ಕರೆ ಕೊಡಲಾಗದ ಫೋನಿಗೆ ಡೇಟಾ ಕೊಟ್ಟು, ತಿಂಗಳ ದುಡ್ಡು ತೆಗೆದುಕೊಂಡು, ನಿಮ್ಮ ಫೋನಿನಲ್ಲಿ ಕರೆ ನಡೆಯುವುದಿಲ್ಲ ಅಂತ ಒಂದು ಎಸ್ಸೆಮ್ಮೆಸ್ ಕೂಡ ಕಳಿಸದಿರುವುದನ್ನು ನಾನು ಒಪ್ಪುವುದಿಲ್ಲ. ಸಿಮ್ ಬೇರೆ ಫೋನಿಗೆ ಬಂತು ಅನ್ನುವುದು ಅವರ ಕಂಪ್ಯೂಟರಿಗೆ ಆ ಕ್ಷಣವೇ ತಿಳಿಯುತ್ತದೆ. ತಿಳಿದಿದ್ದಕ್ಕೇ ತಾನೇ ವೋಲ್ಟಿ ತೆರೆಯಲಿಲ್ಲ?

2016ರ ಸೆಪ್ಟೆಂಬರಿನಲ್ಲಿ ಜಿಯೋ ಶುರುವಾದಾಗ ನಮ್ಮನೆಯಲ್ಲೂ ಹೀಗೇ ಆಗಿತ್ತು. ಅಪ್ಪಯ್ಯನ ಫೋನಿನಲ್ಲಿ 4ಜಿ ಇತ್ತು, ವೋಲ್ಟಿ ಇರಲಿಲ್ಲ. ಅಂಥ ಫೋನುಗಳಿಗೆಂದೇ ಕಂಪನಿ ಒಂದು ಆ್ಯಪ್ ಕೊಟ್ಟಿತ್ತು, ಕರೆ ಅದರ ಮೂಲಕ ಹೋಗುತ್ತಿತ್ತು. ಧ್ವನಿ ಒಮ್ಮೊಮ್ಮೆ ತಡವರಿಸಿದರೂ ಅಡಿಕೆ ಮಂಡಿಯ ರೇಟು ಕೇಳಲು ಅಪ್ಪಯ್ಯನಿಗೆ ಅಷ್ಟು ಸಾಕಾಗುತ್ತಿತ್ತು.

ಆ ಶನಿವಾರ ಸಂಜೆ ತಮ್ಮನ ಸಿಮ್ ಕಂಪನಿಯ ಅಂಗಡಿಗೆ ಹೋದೆವು. ಕೌಂಟರಿನ ಹುಡುಗಿ ಒಳ್ಳೆಯವಳು, ಗಮನವಿಟ್ಟು ಕೇಳಿದಳು. ಐಎಂಇಐ ಹಾಕಿ ನೋಡಿ, ಪಟ್ಟಿಯಲ್ಲಿ ಇಲ್ಲ, ನಾನೇನೂ ಮಾಡುವ ಹಾಗಿಲ್ಲ ಅಂದಳು. ಬೇಕಿದ್ದರೆ ಇದನ್ನು ತಗೊಳ್ಳಿ ಅಂತ ಗಾಜಿನ ಪೆಟ್ಟಿಗೆಯಿಂದ ಅಗ್ಗದ ಫೋನೊಂದನ್ನು ತೆಗೆದಿಟ್ಟಳು. ತಮ್ಮ ತನ್ನ ಫೋನನ್ನು ಜೇಬಿಗೆ ಸೇರಿಸಿದ. ಅವನ ಮುಖ ನೋಡಿ ನನಗೆ ಹೊಟ್ಟೆ ಚುರುಕ್ಕೆಂದಿತು. ಮಕ್ಕಳಿಗೆ ಪಾಠ ಹೇಳಿ ಕೂಡಿಟ್ಟ ದುಡ್ಡಿನ ವಸ್ತು, ಯಾರದೋ ಪಟ್ಟಿಯಲ್ಲಿ ಹೆಸರಿಲ್ಲದ ಕಾರಣಕ್ಕೆ ಕೆಲಸಕ್ಕೆ ಬಾರದ್ದಾಗಿ ನಿಂತಿತ್ತು.

ಪ್ರೀಪೇಯ್ಡಿನ ಒಳ್ಳೆಯ ಗುಣ ಆಗ ಕೆಲಸಕ್ಕೆ ಬಂತು. ಒಪ್ಪಂದವಿಲ್ಲ, ಬಿಡುತ್ತೇನೆ ಅಂದರೆ ಬಿಟ್ಟ ಹಾಗೆ. ಆ ತಿಂಗಳ ಉಳಿದ ದುಡ್ಡು ಹೋಯಿತು, ಅಷ್ಟೇ. ಬೇರೊಂದು ನೆಟ್‌ವರ್ಕಿನ ಮೇಲೆ ನಡೆಯುವ ಇನ್ನೊಂದು ಪ್ರೀಪೇಯ್ಡ್ ಸಿಮ್ ತಂದೆವು. ಈ ಸಲ ಅದನ್ನು ಚಾಲೂ ಮಾಡುವ ಮೊದಲೇ ಅವರ ಸೈಟಿನಲ್ಲಿ ಐಎಂಇಐ ಹಾಕಿ, ಫೋನು ಹಿಡಿಯುವ ಬ್ಯಾಂಡುಗಳನ್ನೂ (ರೇಡಿಯೋ ತರಂಗಗಳ ಪಟ್ಟಿಗಳು) ಆ ನೆಟ್‌ವರ್ಕಿನ ಬ್ಯಾಂಡುಗಳನ್ನೂ ಅಕ್ಕಪಕ್ಕ ಇಟ್ಟು ನೋಡಿದೆ. ಕಾಲೇಜು ಅವನ ನಂಬರನ್ನು ಆಗಲೇ ಬರೆದುಕೊಂಡಿದ್ದರಿಂದ ಅದನ್ನೇ ಉಳಿಸಿಕೊಳ್ಳುವುದಿತ್ತು. ನಮ್ಮೂರಲ್ಲಾದರೆ 1900ಕ್ಕೆ ಒಂದು ಎಸ್ಸೆಮ್ಮೆಸ್ ಕಳಿಸಿದರೆ ಕೋಡ್ ಬರುತ್ತದೆ. ಇಲ್ಲಿ ಹಳೇ ಕಂಪನಿಯಿಂದ ಅಕೌಂಟ್ ನಂಬರು ಮತ್ತು ವರ್ಗಾವಣೆಯ ಪಿನ್ ಕೇಳಿ ಪಡೆಯಬೇಕು, ನಂಬರು ಹೊಸ ಕಂಪನಿಗೆ ಬಂದು ಸೇರುವವರೆಗೆ ಹಳೇದನ್ನು ರದ್ದು ಮಾಡಬಾರದು. ರದ್ದಾದರೆ ನಂಬರೂ ಹೋದಂತೆ.

ಹೊಸ ಸಿಮ್ ಹಾಕಿ ಫೋನು ಆಫ್ ಮಾಡಿ ಆನ್ ಮಾಡಿದ. ಅದೇ ಕೋಡು ಒತ್ತಿದರೆ ನೋಂದಣಿ ಆಗಿದೆ ಅಂತ ಬಂತು. ನಾನು ಕರೆ ಮಾಡಿದೆ. ಶಿವಮೊಗ್ಗದಲ್ಲಿ ಅವನು ಹಾಕಿಟ್ಟ ಯಕ್ಷಗಾನದ ಚೆಂಡೆಯ ರಿಂಗ್‌ಟೋನ್ ಅಡುಗೆಮನೆಯೆಲ್ಲ ತುಂಬಿತು. ಎರಡೂ ಕಡೆ ಮಾತು ಕೇಳುತ್ತದೆಯೇ, ಕರೆಯ ಮಧ್ಯೆ ನೆಟ್ ಓಡುತ್ತದೆಯೇ, ಕಾರಿನಲ್ಲಿ ಹೋಗುತ್ತಿದ್ದರೂ ಕರೆ ಕಟ್ ಆಗದೆ ಉಳಿಯುತ್ತದೆಯೇ, ಎಲ್ಲವನ್ನೂ ಲ್ಯಾಬಿನಲ್ಲಿ ಮಾಡುವಂತೆಯೇ ಒಂದೊಂದಾಗಿ ನೋಡಿದೆವು. 911 ಅನ್ನು ಮಾತ್ರ ಸುಮ್ಮನೆ ಒತ್ತಿ ನೋಡುವಂತಿಲ್ಲ. ಸೇವೆ ಇಲ್ಲದ ಫೋನಿನಿಂದ ಬಂದ 911 ಕರೆಯನ್ನೂ ಕಂಪನಿಗಳು ಸಾಗಿಸಬೇಕೆಂದು ಇಲ್ಲಿನ ಟೆಲಿಕಾಂ ನಿಯಂತ್ರಕ ಸಂಸ್ಥೆ ಎಫ್‌ಸಿಸಿಯ ನಿಯಮವಿದೆ. ಆದರೆ ನಿಯಮ ಕಾಗದದ ಮೇಲಿದ್ದರೆ ಸಾಲದು, ಕರೆ ಹೊರಡಲು ಫೋನಿಗೆ ದಾರಿ ಇರಬೇಕಲ್ಲ? ಆ ಹುಡುಗನಿಗೆ ಅಂಗಡಿಯ ನೆರಳು ಸಿಗದೆ, ತಲೆ ಸುತ್ತಿದ್ದು ಹೆಚ್ಚಾಗಿ ಅವನು ಬಿದ್ದಿದ್ದರೆ ನನ್ನ ತಮ್ಮ ಆ ಫೋನು ಹಿಡಿದು ಏನು ಮಾಡುತ್ತಿದ್ದ ಅನ್ನುವುದು ನನ್ನನ್ನು ಬಹಳ ಕಾಡಿತು.

ರಾತ್ರಿ ಊಟವಾದ ಮೇಲೆ ತಮ್ಮ ಫೋನು ಬಿಸಿಯಾಗದಿರಲೆಂದು ಅದಕ್ಕೆ ಪುಟ್ಟ ಫ್ಯಾನು ಸಿಕ್ಕಿಸಿ ಕೂತ. ಶಿವಮೊಗ್ಗದಲ್ಲಿ ಭಾನುವಾರದ ಬೆಳಿಗ್ಗೆ, ಗೆಳೆಯರೆಲ್ಲ ಆಟಕ್ಕೆ ಕಾಯುತ್ತಿದ್ದರು. ಮೊಬೈಲ್ ಡೇಟಾದಲ್ಲೇ ಆಡಿ ನೋಡುತ್ತೇನೆ ಅಂದ. ನೆಟ್‌ವರ್ಕ್ ಕಿಕ್ಕಿರಿದ ಹೊತ್ತಿನಲ್ಲಿ ಪ್ರೀಪೇಯ್ಡ್‌ನವರಲ್ಲಿ ಬಹಳಷ್ಟು ಜನ ಎರಡನೇ ಪಂಕ್ತಿಯವರು, ಮೊದಲ ಪಂಕ್ತಿಗೆ ಬಡಿಸಿ ಉಳಿದದ್ದು ಇವರ ಎಲೆಗೆ. ಅದೂ ಇತ್ತು, ದೂರವೂ ಇತ್ತು. ಡಲ್ಲಾಸಿನಿಂದ ಬೆಂಗಳೂರಿಗೆ ನೇರ ಗೆರೆ ಎಳೆದರೂ 14,000 ಕಿ.ಮೀ.ಗಿಂತ ಹೆಚ್ಚು. ಫೈಬರಿನಲ್ಲಿ ಬೆಳಕು ಓಡುವುದು ಸೆಕೆಂಡಿಗೆ ಸುಮಾರು ಎರಡು ಲಕ್ಷ ಕಿ.ಮೀ. ಹೋಗಿ ಬರಲು 140 ಮಿಲಿಸೆಕೆಂಡಿಗಿಂತ ಕಡಿಮೆ ಆಗುವುದೇ ಇಲ್ಲ, ನಿಜದ ದಾರಿ ಸುತ್ತುಬಳಸು ಆದ್ದರಿಂದ ಇನ್ನೂ ಹೆಚ್ಚೇ. 144 ಹರ್ಟ್ಸ್ ಪರದೆಯೂ ಅಂಚಿನ ಗುಂಡಿಗಳೂ ಈ ಲೆಕ್ಕ ತಿದ್ದಲಾರವು. ಇವನು ಗುರಿ ಇಟ್ಟು ಒತ್ತುವಷ್ಟರಲ್ಲಿ ಎದುರಿನವನು ಗೋಡೆಯ ಹಿಂದೆ ಹೋಗಿರುತ್ತಿದ್ದ. ಆಟ ಸೋತರೂ ಗೆಳೆಯರ ಕೂಗಾಟದಲ್ಲಿ ಅವನ ಮುಖ ಅರಳಿತ್ತು.

ಇದಾದ ಮೇಲೆ ಆಗಸ್ಟ್ ಬಂತೆಂದರೆ ನಾನು ಊರಿನ ಕಡೆಯಿಂದ ಬರುವ ಹುಡುಗ ಹುಡುಗಿಯರಿಗೆಲ್ಲ ಫೋನಿನ ವಿಚಾರ ಕೇಳುತ್ತೇನೆ. ಯಾವ ಮಾದರಿ, ಎಲ್ಲಿ ಕೊಂಡಿದ್ದು, ಯಾವ ಸಿಮ್? ಹೊರಡುವ ಮೊದಲೇ *#06# ಒತ್ತಿ ಐಎಂಇಐ ಬರೆದುಕೊಂಡು ಕಂಪನಿಯ ಸೈಟಿನಲ್ಲಿ ನೋಡಿ ಅನ್ನುತ್ತೇನೆ. ಸಿಮ್ ಹಾಕಿದ ದಿನವೇ ವೈಫೈ ಆಫ್ ಮಾಡಿ ಯಾರಿಗಾದರೂ ಮಾಮೂಲಿ ಕರೆ ಮಾಡಿ, ಆಮೇಲೆ ಅವರಿಂದಲೂ ಮಾಡಿಸಿ. ವಾಟ್ಸಾಪ್ ಕರೆ ಲೆಕ್ಕಕ್ಕಿಲ್ಲ.

ಇನ್ನೊಂದು ವಿಷಯವನ್ನು ತಮ್ಮನಿಗೆ ನಾನು ಗದರಿಯೇ ಹೇಳಬೇಕಾಯಿತು. ವೈಫೈ ಕಾಲಿಂಗ್ ಚಾಲೂ ಮಾಡುವಾಗ ಕಂಪನಿ ಮನೆಯ ವಿಳಾಸ ಕೇಳುತ್ತದೆ. ವೈಫೈ ಮೂಲಕ 911ಕ್ಕೆ ಕರೆ ಹೋದಾಗ ಎಲ್ಲಿಂದ ಎಂದು ಬೇರೆ ರೀತಿ ತಿಳಿಯದಿದ್ದರೆ ಆ ವಿಳಾಸವೇ ಆಧಾರ. ಅವನು ಹಾಕಿದ್ದು ನನ್ನ ಮನೆಯದು. ಆರ್ಲಿಂಗ್ಟನ್‌ನ ಮನೆ ಗೊತ್ತಾಗಿ ಸಾಮಾನು ಕಾರಿಗೆ ತುಂಬುವ ಬೆಳಿಗ್ಗೆ, ವಿಳಾಸ ಬದಲಾಯಿಸಿದೆಯಾ ಅಂತ ಕೇಳಿದೆ.

"ಅಲ್ಲಿಗೆ ಹೋಗಿ ಮಾಡ್ತೀನಿ ಅಕ್ಕಾ."

"ಈಗ ಮಾಡು. ಆಮೇಲೆ ಕುಕ್ಕರ್ ಎತ್ತಿಡು."

ಮೆಟ್ಟಿಲ ಮೇಲೆ ಕೂತು ಹೊಸ ವಿಳಾಸ ಹಾಕಿ, ಬ್ಲಾಕ್ ನಂಬರು ಸರಿಯಿದೆಯಾ ನೋಡು ಅಂತ ಫೋನನ್ನು ನನ್ನ ಕೈಗೆ ಕೊಟ್ಟ.