ಆ ಎರಡು ಕೈ

ಇವತ್ತು ಅಮೆರಿಕದ ವೀಲ್‌ಚೇರ್ ರೇಸರ್ ಟಟ್ಯಾನಾ ಮ್ಯಾಕ್‌ಫ್ಯಾಡನ್ ಅವರ ಹಳೇ ರೇಸಿನ ವಿಡಿಯೋ ಒಂದು ಸಿಕ್ಕಿತು. ಸುಮ್ನೆ ಹಾಕಿದೆ. ಆಮೇಲೆ ಕಣ್ಣು ಅವರ ಕೈ ಬಿಟ್ಟು ಕದಲಲೇ ಇಲ್ಲ.

ರೇಸಿನ ವೀಲ್‌ಚೇರ್‌ನ ದೊಡ್ಡ ಚಕ್ರದ ಪಕ್ಕಕ್ಕೆ ಬಳೆಯಂಥ ಇನ್ನೊಂದು ಸಣ್ಣ ರಿಂಗ್ ಇರುತ್ತದೆ. ಅದನ್ನು ಹಿಡಿದು ತಿರುಗಿಸುವುದಲ್ಲ. ಗಟ್ಟಿ ಗ್ಲೌಸ್ ತೊಟ್ಟ ಮುಷ್ಟಿಯಿಂದ ಗುದ್ದಿ ಕೆಳಕ್ಕೆ ತಳ್ಳಬೇಕು. ಗುದ್ದು, ಬಿಡು. ಗುದ್ದು, ಬಿಡು. ಮ್ಯಾರಥಾನ್‌ನ 42 ಕಿಲೋಮೀಟರ್ ಪೂರ್ತಿ ಇದೇ.

ಇವರು ಹುಟ್ಟಿದ್ದು 1989ರಲ್ಲಿ, ರಷ್ಯಾದಲ್ಲಿ. ಹುಟ್ಟುವಾಗಲೇ ಸ್ಪೈನಾ ಬಿಫಿಡಾ, ಅಂದರೆ ಬೆನ್ನುಮೂಳೆ, ಬೆನ್ನುಹುರಿ ಸರಿಯಾಗಿ ಬೆಳೆಯದ ತೊಂದರೆ; ಸೊಂಟದ ಕೆಳಗೆ ಬಲ ಇಲ್ಲ. ಬೆಳೆದದ್ದು ಅನಾಥಾಲಯದಲ್ಲಿ. ಅಲ್ಲಿ ವೀಲ್‌ಚೇರ್ ಕೂಡ ಇರಲಿಲ್ಲ. ಬೇರೆ ಮಕ್ಕಳ ಹಿಂದೆ ಹೋಗಬೇಕಲ್ವಾ? ಅದಕ್ಕೆ ಕೈಯೂರಿ ನಡೆಯುತ್ತಿದ್ದರಂತೆ. ಆರು ವರ್ಷದವಳಿದ್ದಾಗ ಅಮೆರಿಕದ ತಾಯಿಯೊಬ್ಬರು ದತ್ತು ತೆಗೆದುಕೊಂಡರು.

2013ರಲ್ಲಿ ಬಾಸ್ಟನ್, ಲಂಡನ್, ಶಿಕಾಗೋ, ನ್ಯೂಯಾರ್ಕ್, ಒಂದೇ ವರ್ಷ ನಾಲ್ಕೂ ಮ್ಯಾರಥಾನ್ ಗೆದ್ದರು. ಅದಕ್ಕೂ ಮೊದಲು ಯಾರೂ ಹಾಗೆ ಗೆದ್ದಿರಲಿಲ್ಲ. ಪದಕಗಳಂತೂ ಬೇಕಾದಷ್ಟಿವೆ, ಎಣಿಸುತ್ತಾ ಕೂರುವುದಿಲ್ಲ.

ನನಗೆ ಮತ್ತೆ ಮತ್ತೆ ಕಣ್ಣಿಗೆ ಕಟ್ಟುತ್ತಿರುವುದು ಆ ನೆಲ. ಒಂದು ಮಗು ಅಂಗೈ ಊರಿ ಊರಿ ದಾಟಿದ ನೆಲ. ಕೋಚ್ ಇಲ್ಲ, ಗಡಿಯಾರ ಇಲ್ಲ. ಆಟಕ್ಕೆ ತಾನೂ ಸೇರಬೇಕು ಅನ್ನುವ ಆಸೆ ಅಷ್ಟೇ.

ವಿಡಿಯೋ ನಿಲ್ಲಿಸಿ ಅರ್ಧ ಗಂಟೆ ಆಯಿತು. ಆ ಟಪ್ ಟಪ್ ಇನ್ನೂ ಕಿವಿಯಲ್ಲೇ ಇದೆ.