ಲ್ಯಾಬಿನಿಂದ ಕದ್ದ ಷಡ್ಜ

ನಮ್ಮ ಕಾಲೇಜಿನ ಫಿಸಿಕ್ಸ್ ಲ್ಯಾಬಿನಲ್ಲಿ ಟ್ಯೂನಿಂಗ್ ಫೋರ್ಕುಗಳ ಒಂದು ಮರದ ಪೆಟ್ಟಿಗೆ ಇತ್ತು. ಬಡಿದರೆ ಒಂದೊಂದೂ ಒಂದೊಂದು ಸ್ವರ ನುಡಿಯುವ ಲೋಹದ ಕವಲುಗಳು; ಸೆಕೆಂಡಿಗೆ ಎಷ್ಟು ಸಲ ಕಂಪಿಸುತ್ತದೋ ಅದೇ ಅದರ ನಂಬರು. 1976ರ ಒಂದು ಶನಿವಾರ, ಅದರಲ್ಲಿದ್ದ 256 ನಂಬರಿನ, ನಾನು ಷಡ್ಜ (‘ಸ’) ಅಂತ ಹಿಡಿದ ಫೋರ್ಕು ನನ್ನ ಪ್ಯಾಂಟಿನ ಜೇಬು ಸೇರಿತು. ಈಗ ಹೇಳಿಕೊಂಡರೆ ಯಾರೂ ಫೈನ್ ಹಾಕಲಾರರು ಅಂದುಕೊಂಡಿದ್ದೇನೆ.

ಇದಕ್ಕೆಲ್ಲ ಕಾರಣ ಬಿ.ವಿ. ಕಾರಂತರು. ಹಿಂದಿನ ತಿಂಗಳಷ್ಟೇ ನಾವು ನಾಲ್ಕು ಜನ ರವೀಂದ್ರ ಕಲಾಕ್ಷೇತ್ರಕ್ಕೆ ಹೋಗಿ ಬೆನಕ ನಾಟಕ ತಂಡದ ‘ಸತ್ತವರ ನೆರಳು’ ನೋಡಿ ಬಂದಿದ್ದೆವು. ಶ್ರೀರಂಗರ ನಾಟಕ, ಕಾರಂತರ ನಿರ್ದೇಶನ, ಅದರ ತುಂಬ ದಾಸರ ಪದಗಳು. ಹಾಡು ಎಲ್ಲಿ ಮುಗಿಯಿತು, ಮಾತು ಎಲ್ಲಿ ಶುರುವಾಯಿತು ಅಂತ ಗೊತ್ತೇ ಆಗುತ್ತಿರಲಿಲ್ಲ. ಕಲ್ಲು, ಕೋಲು, ಕಾಗದ, ಕೈಗೆ ಸಿಕ್ಕಿದ್ದರಲ್ಲೆಲ್ಲ ಕಾರಂತರು ನಾದ ಹೊರಡಿಸುತ್ತಾರೆ ಅನ್ನೋ ಮಾತು ಆಗ ಊರೆಲ್ಲ ಇತ್ತು.

ಅವರನ್ನು ಏನಂತ ಕರೆಯುವುದು? ಹುಡುಗನಾಗಿದ್ದಾಗಲೇ ಮನೆ ಬಿಟ್ಟು ಗುಬ್ಬಿ ವೀರಣ್ಣನವರ ನಾಟಕ ಕಂಪನಿ ಸೇರಿದವರು. ವೀರಣ್ಣನವರೇ ಓದಲಿಕ್ಕೆ ಕಾಶಿಗೆ ಕಳಿಸಿದರು. ಅಲ್ಲಿ ಓಂಕಾರನಾಥ ಠಾಕೂರರ ಬಳಿ ಹಿಂದುಸ್ತಾನಿ ಸಂಗೀತ, ಆಮೇಲೆ ದೆಹಲಿಯ ನಾಟಕ ಶಾಲೆ. ಸ್ವರ್ಣಕಮಲ ಪಡೆದ ‘ಚೋಮನ ದುಡಿ’ ಸಿನಿಮಾಕ್ಕೆ ನಿರ್ದೇಶನವೂ ಅವರದೇ, ಸಂಗೀತವೂ ಅವರದೇ. ಪೇಪರಿನವರು ‘ನಿರ್ದೇಶಕ’ ಅಂತ ಒಂದೇ ಪದದಲ್ಲಿ ಮುಗಿಸಿಬಿಡುತ್ತಿದ್ದರು. ನನಗಂತೂ ಅವರು ಕಿವಿಯಲ್ಲೇ ಉಳಿದವರು.

1977ರಲ್ಲಿ ಅವರು ಅದೇ ನಾಟಕ ಶಾಲೆಗೆ ನಿರ್ದೇಶಕರಾಗಿ ಹೋದರು; ಮುಂದೆ ಭೋಪಾಲ್, 1989ರಲ್ಲಿ ಮೈಸೂರಿನ ರಂಗಾಯಣ. ನಾನು ಬ್ಯಾಂಕು ಸೇರಿದೆ. 2002ರ ಸೆಪ್ಟೆಂಬರ್ 1ರಂದು ಅವರು ಬೆಂಗಳೂರಿನಲ್ಲಿ ತೀರಿಕೊಂಡ ಸುದ್ದಿ ಕೇಳಿದಾಗ ಮೊದಲು ನೆನಪಾದದ್ದು ಆ ಫೋರ್ಕು.

ಅದನ್ನು ಕದ್ದದ್ದು ಅಂತರಕಾಲೇಜು ಏಕಾಂಕ ಸ್ಪರ್ಧೆಗೆ. ಸತ್ತ ಅಪ್ಪ ಮಗನ ಕನಸಿಗೆ ಬರುವ ದೃಶ್ಯ. ಹಾರ್ಮೋನಿಯಂ ಬಾಡಿಗೆಗೆ ತರಲು ದುಡ್ಡಿಲ್ಲ. ಮಳೆಗೆ ಗುಲ್‌ಮೊಹರ್ ಮರದ ಒಣಗಿದ ಕಾಯಿಗಳನ್ನು ಅಲ್ಲಾಡಿಸುವುದು, ಗಡಿಯಾರಕ್ಕೆ ಕ್ಯಾಂಟೀನಿನ ಲೋಟ, ಅಪ್ಪ ಬರುವಾಗ ಫೋರ್ಕನ್ನು ಹವಾಯಿ ಚಪ್ಪಲಿಗೆ ಬಡಿದು ಮೈಕಿನ ಹತ್ತಿರ ಹಿಡಿಯುವುದು ಅಂತ ಏರ್ಪಾಡು. ಸರಿಯಾಗಿ ಅದೇ ಹೊತ್ತಿಗೆ ಮೈಕು ಕೈಕೊಟ್ಟಿತು. ಅಪ್ಪನ ಪಾತ್ರಧಾರಿ ಪರದೆಯ ಪಕ್ಕದಲ್ಲಿ ನಿಂತು ನನ್ನನ್ನೇ ದುರುಗುಟ್ಟಿಕೊಂಡು ನೋಡುತ್ತಿದ್ದ. ಏನು ತೋಚಿತೋ, ಮತ್ತೊಮ್ಮೆ ಬಡಿದು ಫೋರ್ಕಿನ ಬುಡವನ್ನು ರಂಗದ ಹಲಗೆಗೇ ಒತ್ತಿಬಿಟ್ಟೆ. ಹಲಗೆ ಸಣ್ಣಗೆ ಗುಂಯ್ ಅಂದಿತು. ಹೆಚ್ಚೆಂದರೆ ಮುಂದಿನ ಎರಡು ಸಾಲಿಗೆ ಕೇಳಿಸಿರಬೇಕು.

ಬಹುಮಾನ ಬರಲಿಲ್ಲ. ಸಂಗೀತ ಇಲ್ಲದ್ದಕ್ಕೆ ಅಂಕ ಕಳೆದೆವು ಅಂದರು ತೀರ್ಪುಗಾರರೊಬ್ಬರು. ನನಗೆ ಇವತ್ತಿಗೂ ಆ ಸಿಟ್ಟಿದೆ.

ಸೋಮವಾರ ಬೆಳಿಗ್ಗೆ ಯಾರಿಗೂ ಕಾಣದಂತೆ ಫೋರ್ಕನ್ನು ಪೆಟ್ಟಿಗೆಯಲ್ಲಿ ಇಡುತ್ತಿದ್ದೆ. ಹಿಂದೆ ನಮ್ಮ ಫಿಸಿಕ್ಸ್ ಮೇಷ್ಟ್ರು ನಿಂತಿದ್ದರು. ಮೊದಲ ಸಾಲಿನಲ್ಲಿ ಅವರೂ ಕೂತಿದ್ದರಂತೆ.

“256 ಒಂದೇ ತಗೊಂಡು ಹೋಗಿದ್ಯಾ? 384ನ್ನೂ ತಗೊಂಡು ಹೋಗೋದಲ್ವೇನಯ್ಯಾ, ಪಂಚಮ ಸಿಕ್ತಿತ್ತು” ಅಂದರು.