ಎಂ. ವಿ. ವಾಸುದೇವ ರಾವ್ ಚಿತ್ರಪಟ್ಟಿ: ಚೋಮನಿಂದ ವೆಂಕಯ್ಯನವರೆಗೆ

ಪಟ್ಟಿ ಕೆಲಸ ಈ ವಾರ ಒಂದಷ್ಟು ಮುಂದೆ ಸಾಗಿದೆ. ವಾಸುದೇವ ರಾವ್ ನಟಿಸಿದ ಸಿನಿಮಾಗಳನ್ನೆಲ್ಲ ಒಂದೇ ಕಡೆ ಸೇರಿಸಬೇಕು, ಯಾವುದರಲ್ಲಿ ಏನು ಮಾಡಿದರು ಅಂತ ಬರೆದಿಡಬೇಕು. ಇಷ್ಟೇ ನನ್ನ ಕೆಲಸ.

'ಚೋಮನ ದುಡಿ' ಅಂದರೆ ಕಾದಂಬರಿ ಬರೆದ ಶಿವರಾಮ ಕಾರಂತರು, ನಿರ್ದೇಶಿಸಿದ ಬಿ. ವಿ. ಕಾರಂತರು ತಕ್ಷಣ ನೆನಪಾಗುತ್ತಾರೆ. ಚೋಮನಾಗಿ ನಿಂತ ವಾಸುದೇವ ರಾವ್ ಅವರ ಹೆಸರು ಮಾತ್ರ ಜಾಸ್ತಿ ಜನಕ್ಕೆ ಬಾಯಿಗೆ ಬರುವುದಿಲ್ಲ. 1975ರ ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿ ಅವರಿಗೆ ಸಿಕ್ಕಿತ್ತು. ಕನ್ನಡ ಚಿತ್ರವೊಂದರ ನಟನೆಗೆ ಆ ಪ್ರಶಸ್ತಿ ಬಂದಿದ್ದು ಅದೇ ಮೊದಲು. ಸಿನಿಮಾಗೆ ಸ್ವರ್ಣಕಮಲವೂ, ಅಂದರೆ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿಯೂ ಬಂತು.

ಈ ಸಲ ಅದನ್ನೂ 'ಒಕ ಊರಿ ಕಥ'ವನ್ನೂ ಒಂದರ ಹಿಂದೆ ಒಂದು ನೋಡಿದೆ. ಎರಡನೆಯದು ಬಂಗಾಳದ ಮೃಣಾಲ್ ಸೇನ್ 1977ರಲ್ಲಿ ತೆಲುಗಿನಲ್ಲಿ ಮಾಡಿದ್ದು. ಕಥೆ ಪ್ರೇಮಚಂದರ 'ಕಫನ್'. ಹೀಗೆ ಜೊತೆಗೆ ನೋಡಿದಾಗಲೇ ಈ ನಟನ ಅಳತೆ ಗೊತ್ತಾಗುವುದು. ಚೋಮ ದಲಿತ. ಮನೆಯಲ್ಲಿ ಎತ್ತಿನ ಜೋಡಿ ಇದೆ, ಉಳಲು ಅವನದು ಅಂತ ತುಂಡು ನೆಲವಿಲ್ಲ. ಕೊಡಿ, ನಾನೇ ಉತ್ತು ಬೆಳೆಯುತ್ತೇನೆ ಅಂತ ಬೇಡುತ್ತಾನೆ. 'ಒಕ ಊರಿ ಕಥ'ದಲ್ಲಿ ಅವರು ಮಾಡಿದ ವೆಂಕಯ್ಯ ನೇರ ವಿರುದ್ಧ. ನಾವು ದುಡಿದಷ್ಟೂ ಜಮೀನ್ದಾರನೇ ಕೊಬ್ಬುತ್ತಾನೆ ಅಂತ ದುಡಿಮೆಯನ್ನೇ ಬಿಟ್ಟು ಕೂತವನು. ಒಬ್ಬ ದುಡಿಯಲು ಹಂಬಲಿಸುತ್ತಾನೆ, ಇನ್ನೊಬ್ಬ ದುಡಿಯಲೊಲ್ಲ. ಎರಡೂ ಒಂದೇ ಹಸಿವಿನಿಂದ ಹುಟ್ಟಿದ್ದು, ಅಲ್ವಾ? ಎರಡೇ ವರ್ಷದ ಅಂತರದಲ್ಲಿ ಇವೆರಡನ್ನೂ ಒಬ್ಬರೇ ಮಾಡಿದ್ದಾರೆ.

ಚೋಮನಿಗೆ ಮಾತು ಕಡಿಮೆ. ಸಿಟ್ಟು, ಸಂಕಟ ಎಲ್ಲ ಅವನು ಬಾರಿಸುವ ದುಡಿ ಎಂಬ ಚರ್ಮವಾದ್ಯದ ಮೇಲೆ ಬೀಳುತ್ತದೆ. ವೆಂಕಯ್ಯನಿಗೆ ಮಾತೇ ಆಯುಧ. ಸೊಸೆ ಹೆರಿಗೆ ನೋವಿನಲ್ಲಿ ನರಳುವಾಗಲೂ ಅವನು ಕರಗುವುದಿಲ್ಲ. ಅಲ್ಲಿ ನನಗೆ ಅವನ ಮೇಲೆ ಸಿಟ್ಟು ಬಂತು, ಆದರೂ ಕಣ್ಣು ತೆಗೆಯಲಾಗಲಿಲ್ಲ. ನನ್ನ ಮಟ್ಟಿಗೆ ಚೋಮನಿಗಿಂತ ಕಷ್ಟದ ಪಾತ್ರ ಇದು.

ಆಮೇಲಿನ ಸಾಲುಗಳು ಬಹುಪಾಲು ಸಣ್ಣ ಪಾತ್ರಗಳವು. ಇಂಥ ನಟನಿಗೆ ಇನ್ನಷ್ಟು ದೊಡ್ಡ ಪಾತ್ರ ಸಿಗಬೇಕಿತ್ತು ಅಂತ ಪಟ್ಟಿ ತುಂಬುವಾಗೆಲ್ಲ ಅನ್ನಿಸುತ್ತದೆ. ಟೈಟಲ್ ಕಾರ್ಡಿನಲ್ಲಿ ಹೆಸರು ಬಂದ ಚಿತ್ರಗಳನ್ನು ಒಂದು ಕಾಲಂಗೆ ಹಾಕಿದ್ದೇನೆ. ಮುಖ ನೋಡಿ ಗುರುತು ಹಿಡಿದವು ಬೇರೆ ಕಾಲಂನಲ್ಲಿವೆ, ಅವನ್ನು ಇನ್ನೊಮ್ಮೆ ನೋಡದೆ ಪಕ್ಕಾ ಮಾಡುವುದಿಲ್ಲ. ಮುಂದಿನ ವಾರ ಎಂಬತ್ತರ ದಶಕದ ಕನ್ನಡ ಚಿತ್ರಗಳಿಗೆ ಕೈ ಹಾಕುತ್ತೇನೆ.